ಗಾಡಿ ಬಿಟ್ಟರೂ ಬಿಡದ ಷರತ್ತು

ಜಪ್ತಿಯಾದ ಗಾಡಿಯನ್ನು ಬಿಟ್ಟುಕೊಡಲು ನ್ಯಾಯಾಲಯ ಆದೇಶ ಮಾಡಿತು ಎಂದರೆ ಸಂಜೆಯೊಳಗೆ ಗಾಡಿ ಮನೆ ಮುಂದೆ ನಿಲ್ಲುತ್ತದೆ ಎಂದುಕೊಳ್ಳುವವರೇ ಹೆಚ್ಚು. ಅವರು ಆದೇಶದ ಎರಡನೇ ಪುಟ ಓದಿರುವುದಿಲ್ಲ. ಮೊದಲ ಪುಟದಲ್ಲಿ ಅರ್ಜಿ ಮಂಜೂರಾಗಿರುತ್ತದೆ. ಎರಡನೇ ಪುಟದಲ್ಲಿ ಷರತ್ತುಗಳು ಶುರುವಾಗುತ್ತವೆ: ಇಷ್ಟು ಲಕ್ಷಕ್ಕೆ ಇಂಡೆಮ್ನಿಟಿ ಬಾಂಡ್, ಅಷ್ಟೇ ಮೊತ್ತಕ್ಕೆ ಜಾಮೀನುದಾರರು, ಕೆಲವು ಪ್ರಕರಣಗಳಲ್ಲಿ ಬ್ಯಾಂಕ್ ಗ್ಯಾರಂಟಿ, ಬಣ್ಣ ಬದಲಿಸಬಾರದು, ಮಾರಬಾರದು, ಕರೆದಾಗ ತಂದು ಹಾಜರುಪಡಿಸಬೇಕು. ತುಂಗಭದ್ರೆ ದಂಡೆಯ ತಾಲ್ಲೂಕೊಂದರಲ್ಲಿ ವಕೀಲಿಕೆ ಮಾಡುವ ನಾನು ಇಂಥ ಅರ್ಜಿಗಳನ್ನು ಹಾಕುತ್ತಲೇ ಇರುತ್ತೇನೆ. ನಾನು ಕಂಡಂತೆ, ಬಡವರ ಗಾಡಿ ಠಾಣೆಯಲ್ಲಿ ಕೊಳೆಯುವುದು ಅರ್ಜಿ ವಜಾ ಆದಾಗಿನದಕ್ಕಿಂತ ಹೆಚ್ಚಾಗಿ, ಅರ್ಜಿ ಮಂಜೂರಾಗಿಯೂ ಷರತ್ತು ಪೂರೈಸಲು ಆಗದೇ ಹೋದಾಗ.

ನಾನು ಲಾರಿ ಡ್ರೈವರ್ ಮಗಳು. ಅಪ್ಪ ಬ್ಯಾಡಗಿ ಮಾರುಕಟ್ಟೆಯಿಂದ ಮೆಣಸಿನಕಾಯಿ ಲೋಡು ಒಯ್ಯುತ್ತಿದ್ದರು. ದುಡಿಯುವ ಗಾಡಿ ನಿಂತರೆ ಬಾಡಿಗೆ ನಿಲ್ಲುತ್ತದೆ, ಸಾಲದ ಕಂತು ನಿಲ್ಲುವುದಿಲ್ಲ, ವಿಮೆಯ ಅವಧಿ ತನ್ನ ಪಾಡಿಗೆ ತೀರುತ್ತಾ ಹೋಗುತ್ತದೆ. ಇದು ಕಾನೂನು ಓದುವ ಮೊದಲೇ ನನಗೆ ಮನೆಯಲ್ಲಿ ಗೊತ್ತಾದ ಲೆಕ್ಕ. ಆದ್ದರಿಂದ ಈ ವಿಷಯವನ್ನು ಬರೀ ಕಲಂಗಳ ಚರ್ಚೆಯಾಗಿ ನೋಡಲು ನನ್ನಿಂದಾಗದು.

ಯಾವುದೇ ಠಾಣೆಯ ಹಿತ್ತಿಲಿಗೆ ಹೋಗಿ ನೋಡಿ. ಒಂದು ಮಳೆಗಾಲ ಕಳೆದಿದ್ದರೆ ಸಾಕು, ಬ್ಯಾಟರಿ ಸತ್ತಿರುತ್ತದೆ. ಇಲಿಗಳು ವೈರಿಂಗ್ ಕಡಿದಿರುತ್ತವೆ. ಗಾಳಿ ಇಳಿದ ಟೈರು ಗಾಡಿಯ ಭಾರಕ್ಕೆ ಪಕ್ಕೆಯಲ್ಲಿ ಬಿರಿದಿರುತ್ತದೆ. ಬ್ರೇಕ್ ಡ್ರಮ್ಮು ತುಕ್ಕು ಹಿಡಿದು ಚಕ್ರ ತಿರುಗದಾಗಿರುತ್ತದೆ. ಸೀಟಿನ ಸಂದಿಯಲ್ಲಿ ಹುಲ್ಲು ಬೆಳೆದಿರುತ್ತದೆ. ಸ್ಟೆಪ್ನಿ, ಜಾಕು, ಮ್ಯೂಸಿಕ್ ಸಿಸ್ಟಮ್ಮು ಇದ್ದವೇ ಎಂದು ಕೇಳಿದರೆ ಮಹಜರು ತೆರೆದು ತೋರಿಸುತ್ತಾರೆ. ಅದರಲ್ಲಿ ಬರೆದಿರದ ಸಾಮಾನಿಗೆ ದಿಕ್ಕಿಲ್ಲ. ಪೊಲೀಸರನ್ನೇ ದೂರಿ ಪ್ರಯೋಜನವಿಲ್ಲ. ಅವರಿಗೆ ಶೆಡ್ಡಿಲ್ಲ, ಕಾವಲಿಗೆ ಜನವಿಲ್ಲ, ಆ ಗಾಡಿಗಳು ಅಲ್ಲಿರಬೇಕೆಂಬ ಆಸೆಯೂ ಅವರಿಗಿಲ್ಲ.

ಇದು ಹೀಗಾಗಬಾರದು ಎಂದು ಸುಪ್ರೀಂ ಕೋರ್ಟ್ ಹೇಳಿ ಎರಡು ದಶಕ ದಾಟಿದೆ. ಸುಂದರ್‌ಭಾಯ್ ಅಂಬಾಲಾಲ್ ದೇಸಾಯಿ ಮತ್ತು ಗುಜರಾತ್ ರಾಜ್ಯದ ನಡುವಿನ ಪ್ರಕರಣದಲ್ಲಿ ನ್ಯಾಯಮೂರ್ತಿಗಳಾದ ಎಂ.ಬಿ. ಶಾ ಮತ್ತು ಡಿ.ಎಂ. ಧರ್ಮಾಧಿಕಾರಿ 2002ರ ಅಕ್ಟೋಬರ್ 1ರಂದು ಕೊಟ್ಟ ತೀರ್ಪು ಅದು. ಠಾಣೆಯಲ್ಲಿದ್ದ ಮುದ್ದೆಮಾಲನ್ನು ಪೊಲೀಸ್ ಸಿಬ್ಬಂದಿಯೇ ಲಪಟಾಯಿಸಿದರೆಂಬ ಆರೋಪದಿಂದ ಹುಟ್ಟಿದ ಆ ಪ್ರಕರಣ, ದೇಶದ ಎಲ್ಲ ಠಾಣೆಗಳ ಹಿತ್ತಿಲಿಗೂ ಅನ್ವಯಿಸುವ ಮಾತನ್ನು ಆಡಿಸಿತು. ವಾಹನಗಳನ್ನು ದೀರ್ಘಕಾಲ ಠಾಣೆಯಲ್ಲಿ ಇಟ್ಟುಕೊಳ್ಳುವುದರಿಂದ ಯಾರಿಗೂ ಉಪಯೋಗವಿಲ್ಲ. ವಿವರವಾದ ಪಂಚನಾಮೆ ಮಾಡಿ, ಫೋಟೊ ತೆಗೆದು, ಬೇಕಾದಾಗ ಹಿಂದಿರುಗಿಸುವುದಾಗಿ ಬಾಂಡು, ಭದ್ರತೆ ಪಡೆದು ಬಿಟ್ಟುಕೊಡಿ. ಯಾರೂ ಕೇಳಿಕೊಂಡು ಬಾರದಿದ್ದರೆ ಹರಾಜು ಹಾಕಿ ಎಂಬುದು ಅದರ ಸಾರ. ಸಾಮಾನ್ಯವಾಗಿ ಹದಿನೈದು ದಿನದಿಂದ ಒಂದು ತಿಂಗಳು ಮೀರಿ ವಸ್ತುಗಳು ಠಾಣೆಯಲ್ಲಿ ಉಳಿಯಬಾರದು ಎಂಬ ಮಿತಿಯನ್ನೂ ಕೋರ್ಟು ಸೂಚಿಸಿತು. ಅದಕ್ಕೂ ಮೊದಲು, 1977ರಲ್ಲಿ, ನಮ್ಮದೇ ರಾಜ್ಯದ ಮಹಿಳೆಯೊಬ್ಬರ ಕಳವಾದ ಒಡವೆ ಪೊಲೀಸರಿಗೆ ಸಿಕ್ಕಿ, ಠಾಣೆಯಿಂದ ಮತ್ತೆ ಕಾಣೆಯಾದಾಗ, ಅದರ ಬೆಲೆಯನ್ನು ಸರ್ಕಾರವೇ ತೆರಬೇಕೆಂದು ಇದೇ ಸುಪ್ರೀಂ ಕೋರ್ಟ್ ಹೇಳಿತ್ತು.

2024ರ ಜುಲೈ 1ರಂದು ಜಾರಿಗೆ ಬಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆ ಇದನ್ನು ಇನ್ನಷ್ಟು ಬಿಗಿ ಮಾಡಿದೆ. ಹಳೆಯ ಸಿಆರ್‌ಪಿಸಿಯ 451ನೇ ಕಲಂ ಇದ್ದ ಜಾಗದಲ್ಲಿ ಈಗ 497ನೇ ಕಲಂ ಇದೆ. ಸ್ವತ್ತು ನ್ಯಾಯಾಲಯದ ಮುಂದೆ ಬಂದ ಹದಿನಾಲ್ಕು ದಿನದೊಳಗೆ ಅದರ ವಿವರಪಟ್ಟಿ ಸಿದ್ಧವಾಗಬೇಕು, ಫೋಟೊ ತೆಗೆಸಬೇಕು, ಅಗತ್ಯವಿದ್ದರೆ ಮೊಬೈಲಿನಲ್ಲೇ ವಿಡಿಯೊ ಮಾಡಿಸಬೇಕು. ಆಮೇಲಿನ ಮೂವತ್ತು ದಿನದೊಳಗೆ ಆ ಸ್ವತ್ತು ಏನಾಗಬೇಕೆಂದು ಆದೇಶವಾಗಬೇಕು. ವಿಚಾರಣೆಯಲ್ಲಿ ಆ ಪಟ್ಟಿ, ಆ ಫೋಟೊಗಳನ್ನೇ ಸಾಕ್ಷ್ಯವಾಗಿ ಬಳಸಬಹುದು. ಅಂದರೆ ಗಾಡಿಯ ಚಿತ್ರ ಕಡತಕ್ಕೆ ಸೇರಿದ ಮೇಲೆ ಗಾಡಿಯನ್ನೇ ಕಟ್ಟಿಹಾಕುವ ಕಾರಣ ಬಹುಮಟ್ಟಿಗೆ ತೀರಿತು.

ಕಾನೂನು ಇಷ್ಟು ನಿಚ್ಚಳವಾಗಿದ್ದರೂ ಹಿತ್ತಿಲು ಖಾಲಿಯಾಗುತ್ತಿಲ್ಲ. ಸರ್ಕಾರಿ ಅಭಿಯೋಜಕರ ತಕರಾರು, ಆರ್‌ಟಿಒ ಕಚೇರಿಯ ಬಿ-ಎಕ್ಸ್‌ಟ್ರಾಕ್ಟ್ ಎಂಬ ನೋಂದಣಿ ವಿವರ, ಬ್ರೇಕ್ ಇನ್‌ಸ್ಪೆಕ್ಟರ್ ವರದಿ ಇವೆಲ್ಲ ಬರುವುದು ತಡವಾಗುತ್ತದೆ ನಿಜ. ಆದರೆ ತಡವಾಗಿಯಾದರೂ ಅವು ಬರುತ್ತವೆ. ಷರತ್ತಿನ ಗೋಡೆ ಹಾಗೆ ತಾನಾಗಿ ಸರಿಯುವಂಥದ್ದಲ್ಲ.

ನನ್ನ ಕಕ್ಷಿದಾರರೊಬ್ಬರು ಬೈಕಿನ ಹಿಂದೆ ಬುಟ್ಟಿ ಕಟ್ಟಿಕೊಂಡು ಹಳ್ಳಿಹಳ್ಳಿಗೆ ಸೊಪ್ಪು, ತರಕಾರಿ ಮಾರುವವರು. ಸಂತೆಯ ದಿನ ಅವರ ಬೈಕು ಕಳವಾಯಿತು. ಪೊಲೀಸರು ಕಳ್ಳನನ್ನು ಹಿಡಿದರು, ಬೈಕೂ ಸಿಕ್ಕಿತು. ದೂರು ಕೊಟ್ಟವರೇ ಇವರು, ಆರ್‌ಸಿ ಇವರ ಹೆಸರಿನಲ್ಲೇ ಇದೆ, ಬೇರೆ ಯಾರೂ ಆ ಬೈಕು ತಮ್ಮದೆಂದು ಬಂದಿಲ್ಲ. ಆದರೂ ಆದೇಶದಲ್ಲಿ ನಲವತ್ತು ಸಾವಿರ ರೂಪಾಯಿಯ ಬಾಂಡು ಮತ್ತು ಅಷ್ಟೇ ಮೊತ್ತಕ್ಕೆ ಒಬ್ಬ ಜಾಮೀನುದಾರ ಎಂದಿತ್ತು. ಜಾಮೀನುದಾರ ಪಹಣಿ ತರಬೇಕು. ಇವರಿಗೆ ಹೊಲವಿಲ್ಲ. ಪಕ್ಕದ ಮನೆಯವರಿಗೆ ಎರಡೆಕರೆ ಇದೆ, ಅದು ಅಣ್ಣತಮ್ಮಂದಿರ ಜಂಟಿ ಖಾತೆ. ‘ಪಹಣಿ ಮ್ಯಾಲೆ ಕೋರ್ಟಿನ ಬೋಜಾ ಕೂತರ ನಾಳೆ ಸೊಸೈಟಿ ಸಾಲ ಹುಟ್ಟಂಗಿಲ್ಲ’ ಎಂದು ಅವರು ಹಿಂದೆ ಸರಿದರು. ಅಷ್ಟರಲ್ಲಿ ಕಳವು ಮಾಡಿದ್ದ ಹುಡುಗನಿಗೆ ಜಾಮೀನಾಗಿತ್ತು. ‘ಅಕ್ಕಾರ, ಕಳ್ಳ ಹೊರಗ ಬಂದ. ನನ್ನ ಗಾಡಿ ಯಾಕ ಇನ್ನೂ ಒಳಗ ಐತಿ?’ ಎಂದು ಅವರು ನನ್ನ ಟೇಬಲ್ಲಿನ ಮುಂದೆ ನಿಂತು ಕೇಳಿದರು. ಕಾನೂನು ಬಲ್ಲವಳಾಗಿ ನಾನು ಕೊಡಬಹುದಾದ ಉತ್ತರವೊಂದಿತ್ತು. ನ್ಯಾಯವೆನಿಸುವ ಉತ್ತರ ಇರಲಿಲ್ಲ.

ಹೀಗೆ ಜಾಮೀನುದಾರ ಸಿಗದವರು ಕೊನೆಗೆ ಯಾರ ಬಳಿ ಹೋಗುತ್ತಾರೆ ಎಂಬುದು ಕೋರ್ಟಿನ ಸುತ್ತ ಇರುವ ಎಲ್ಲರಿಗೂ ಗೊತ್ತು. ದುಡ್ಡು ತೆಗೆದುಕೊಂಡು ಜಾಮೀನು ನಿಲ್ಲುವುದನ್ನೇ ಕಸುಬು ಮಾಡಿಕೊಂಡವರು ಇದ್ದಾರೆ. ಗುರುತು ಪರಿಚಯವಿಲ್ಲದ ಅಂಥವರ ಜಾಮೀನಿನಿಂದ ಗಾಡಿ ವಾಪಸು ಬರುವ ಖಾತರಿ ಒಂದು ಕೂದಲೆಳೆಯಷ್ಟೂ ಹೆಚ್ಚುವುದಿಲ್ಲ. ಬಡವನ ಜೇಬು ಖಾಲಿಯಾಗುತ್ತದೆ, ನ್ಯಾಯಾಲಯದ ಕಡತದಲ್ಲಿ ಕಾಗದ ಸೇರುತ್ತದೆ, ಅಷ್ಟೇ.

ಇನ್ನೊಂದು ಪ್ರಕರಣ ಟಾಟಾ ಏಸ್ ಗಾಡಿಯದು. ಸಾಲದ ಮೇಲೆ ಕೊಂಡು, ತಾವೇ ಓಡಿಸುವ ಮಾಲೀಕರು. ಒಬ್ಬ ವ್ಯಾಪಾರಿ ಬಾಡಿಗೆಗೆ ಕರೆದು ಹದಿನಾಲ್ಕು ಚೀಲ ಅಕ್ಕಿ ಹೇರಿಸಿದ. ದಾರಿಯಲ್ಲಿ ತಪಾಸಣೆಯಾಯಿತು, ಅದು ಪಡಿತರ ಅಕ್ಕಿ ಎಂದು ಅಕ್ಕಿಯ ಜೊತೆ ಗಾಡಿಯೂ ಜಪ್ತಿಯಾಯಿತು. ಅಗತ್ಯ ವಸ್ತುಗಳ ಕಾಯ್ದೆಯಡಿ ಇಂಥ ಗಾಡಿಯನ್ನು ಬಿಡುವ ಅಧಿಕಾರ ಮ್ಯಾಜಿಸ್ಟ್ರೇಟರಿಗಿಲ್ಲ, ಜಿಲ್ಲಾಧಿಕಾರಿಯ ಮುಂದೆ ಹೋಗಬೇಕು. ಅಲ್ಲಿ ಗಾಡಿಯ ಪೂರ್ತಿ ಬೆಲೆಗೆ, ನಾಲ್ಕು ಲಕ್ಷ ರೂಪಾಯಿಗೆ, ಬ್ಯಾಂಕ್ ಗ್ಯಾರಂಟಿ ಕೇಳಿದರು.

ಇಲ್ಲಿ ಸ್ವಲ್ಪ ನಿಂತು ಲೆಕ್ಕ ನೋಡಬೇಕು. ಅದೇ ಕಾಯ್ದೆಯ 6ಎ ಕಲಂ, ಬಾಡಿಗೆಗೆ ಓಡುವ ಗಾಡಿಯ ಮಾಲೀಕನಿಗೆ ಒಂದು ರಕ್ಷಣೆ ಕೊಟ್ಟಿದೆ. ಗಾಡಿ ಮುಟ್ಟುಗೋಲು ಹಾಕಿಕೊಳ್ಳುವ ಬದಲು ದಂಡ ಕಟ್ಟುವ ಅವಕಾಶವನ್ನು ಅವನಿಗೆ ಕೊಡಲೇಬೇಕು, ಆ ದಂಡ ಸಾಗಿಸುತ್ತಿದ್ದ ಸರಕಿನ ಮಾರುಕಟ್ಟೆ ಬೆಲೆಯನ್ನು ಮೀರುವಂತಿಲ್ಲ. ಹದಿನಾಲ್ಕು ಚೀಲ ಎಂದರೆ ಏಳು ಕ್ವಿಂಟಲ್. ಆ ಅಕ್ಕಿಯ ಬೆಲೆ ಇಪ್ಪತ್ತು ಸಾವಿರದ ಆಚೀಚೆ. ಪ್ರಕರಣ ಪೂರ್ತಿ ಅವರ ವಿರುದ್ಧವೇ ತೀರ್ಮಾನವಾದರೂ ಗಾಡಿ ಉಳಿಸಿಕೊಳ್ಳಲು ಅವರು ಕಟ್ಟಬೇಕಾದದ್ದು ಅಷ್ಟೇ. ಅದು ತೀರ್ಮಾನವಾಗುವ ಮೊದಲೇ ಅದರ ಇಪ್ಪತ್ತು ಪಟ್ಟು ಭದ್ರತೆ ಇಡಿ ಎನ್ನುವುದು ಯಾವ ನ್ಯಾಯ?

ಬ್ಯಾಂಕ್ ಗ್ಯಾರಂಟಿ ಎಂದರೇನು ಎಂಬುದೂ ಆದೇಶ ಬರೆಯುವವರಿಗೆ ಗೊತ್ತಿರಬೇಕು. ನಾಲ್ಕು ಲಕ್ಷದ ಗ್ಯಾರಂಟಿ ಕೊಡಲು ಬ್ಯಾಂಕು ಸಣ್ಣ ಗಿರಾಕಿಯಿಂದ ಹೆಚ್ಚೂಕಡಿಮೆ ಅಷ್ಟೇ ಹಣವನ್ನು ಠೇವಣಿ ಇಡಿಸಿಕೊಳ್ಳುತ್ತದೆ, ಮೇಲೆ ಕಮಿಷನ್ ಹಾಕುತ್ತದೆ, ಪ್ರಕರಣ ಮುಗಿಯುವ ತನಕ ವರ್ಷವರ್ಷ ನವೀಕರಿಸಬೇಕು. ನಾಲ್ಕು ಲಕ್ಷ ಠೇವಣಿ ಇಡಬಲ್ಲವರು ಸಾಲ ಮಾಡಿ ಟಾಟಾ ಏಸ್ ಕೊಳ್ಳುತ್ತಿರಲಿಲ್ಲ. ಷರತ್ತು ಪೂರೈಸಲಾಗದೆ ಗಾಡಿ ಅಲ್ಲೇ ಉಳಿಯಿತು. ಕಂತು ಕಟ್ಟಲಾಗದೆ ಫೈನಾನ್ಸ್‌ನವರ ನೋಟಿಸು ಬಂತು. ಬೆಂಗಳೂರಿಗೆ ಕಟ್ಟಡದ ಕೆಲಸಕ್ಕೆ ಹೋದ ಅವರು ಈಗಲೂ ತಿಂಗಳಿಗೊಮ್ಮೆ ಫೋನ್ ಮಾಡಿ ಗಾಡಿಯ ವಿಚಾರ ಕೇಳುತ್ತಾರೆ. ಷರತ್ತು ಸಡಿಲಿಸಲು ಧಾರವಾಡದ ಹೈಕೋರ್ಟ್ ಪೀಠಕ್ಕೆ ಹೋಗಬಹುದು ಎಂದು ಹೇಳುವುದು ಸುಲಭ. ಅಲ್ಲಿನ ವಕೀಲರ ಫೀಸು, ಓಡಾಟದ ಖರ್ಚು ಎಲ್ಲಿಂದ ತರುವುದು?

ಬ್ಯಾಂಕ್ ಗ್ಯಾರಂಟಿಯ ರೂಢಿಗೆ ಒಂದು ಮೂಲವಿದೆ, ಅದೂ ಕರ್ನಾಟಕದ್ದೇ ಪ್ರಕರಣ. ಅರಣ್ಯ ಅಪರಾಧದಲ್ಲಿ ಜಪ್ತಿಯಾದ ವಾಹನದ ಬಗ್ಗೆ 2000ದಲ್ಲಿ ತೀರ್ಪು ಕೊಟ್ಟ ಸುಪ್ರೀಂ ಕೋರ್ಟ್, ಅಂಥ ವಾಹನಗಳನ್ನು ಪ್ರಕರಣ ಮುಗಿಯುವ ಮುನ್ನ ಸಾಮಾನ್ಯವಾಗಿ ಬಿಡಬಾರದು, ಅಪರೂಪಕ್ಕೆ ಬಿಡುವುದಾದರೂ ಬ್ಯಾಂಕ್ ಗ್ಯಾರಂಟಿ ಕನಿಷ್ಠ ಷರತ್ತಾಗಿರಬೇಕು ಎಂದಿತು. ಬೀಟೆ, ತೇಗ, ಶ್ರೀಗಂಧ ಸಾಗಿಸುವ ಜಾಲಗಳನ್ನು ಕಂಡ ನಾಡಿನಲ್ಲಿ ಆ ಬಿಗಿಯ ಅರ್ಥ ನನಗೆ ತಿಳಿಯುತ್ತದೆ. ಕಡಿದ ಕಾಡು ಮರಳಿ ಬಾರದು. ಆದರೆ ಕಾಡಿನ ಕಳ್ಳಸಾಗಣೆಗೆಂದು ಹೇಳಿದ ಮಾತು ಮೆಲ್ಲಗೆ ಊರಿನ ಎಲ್ಲ ಪ್ರಕರಣಗಳಿಗೂ ಹಬ್ಬಿತು. ವಾಹನ ಎಂದ ಕೂಡಲೇ ಭಾರೀ ಭದ್ರತೆ ಎಂಬುದು ಟೈಪಿಸ್ಟಿನ ಕಂಪ್ಯೂಟರಿನಲ್ಲಿ ಸಿದ್ಧ ನಮೂನೆಯಾಗಿ ಕೂತಿತು. ಹೆಸರು, ನಂಬರು, ಮೊತ್ತ ಬದಲಾಗುತ್ತವೆ. ಉಳಿದ ಸಾಲುಗಳು ಪ್ರಕರಣದಿಂದ ಪ್ರಕರಣಕ್ಕೆ ಹಾಗೇ ಸಾಗುತ್ತವೆ.

ಪಡಿತರ ಅಕ್ಕಿ ಸಾಗಣೆಗಿಂತ ಗಂಭೀರವಾದ ಆರೋಪದಲ್ಲೂ ಬೇರೆ ದಾರಿ ಇದೆಯೆಂದು ಸುಪ್ರೀಂ ಕೋರ್ಟೇ ತೋರಿಸಿದೆ. 2025ರ ಜನವರಿ 7ರಂದು ಬಂದ ಬಿಶ್ವಜಿತ್ ಡೇ ಮತ್ತು ಅಸ್ಸಾಂ ರಾಜ್ಯದ ನಡುವಿನ ಪ್ರಕರಣದ ತೀರ್ಪು ನೋಡಿ. ಸಾಲದ ಮೇಲೆ ಕೊಂಡ ಲಾರಿ, ಅದರಲ್ಲಿ ಹತ್ತಿ ಕೂತಿದ್ದವನ ಬಳಿ ಸೋಪಿನ ಪೆಟ್ಟಿಗೆಯಲ್ಲಿ ಹೆರಾಯಿನ್. ಮಾಲೀಕ ಆರೋಪಿಯಲ್ಲ. ಮಾದಕವಸ್ತು ಕಾಯ್ದೆಯಲ್ಲಿ ಮಧ್ಯಂತರ ಬಿಡುಗಡೆಗೆ ಅಡ್ಡಿಯೇನೂ ಇಲ್ಲ ಎಂದ ನ್ಯಾಯಾಲಯ, ವಿಡಿಯೊ ಮತ್ತು ಫೋಟೊ ತೆಗೆದು, ಪಟ್ಟಿ ಮಾಡಿ, ಪ್ರಕರಣ ಮುಗಿಯುವ ತನಕ ಮಾರುವುದಿಲ್ಲ, ಆದೇಶವಾದರೆ ಲಾರಿ ಒಪ್ಪಿಸುತ್ತೇನೆ ಅಥವಾ ಅದರ ಬೆಲೆ ಕಟ್ಟುತ್ತೇನೆ ಎಂಬ ಮುಚ್ಚಳಿಕೆ ಪಡೆದು ಬಿಡಲು ಹೇಳಿತು. ಹೆರಾಯಿನ್ ಸಿಕ್ಕ ಲಾರಿಗೆ ಸಾಕಾದದ್ದು ಅಕ್ಕಿ ಸಿಕ್ಕ ಗಾಡಿಗೆ ಯಾಕೆ ಸಾಲದು?

ಎಲ್ಲ ಗಾಡಿಗಳನ್ನೂ ಕಣ್ಣುಮುಚ್ಚಿ ಬಿಟ್ಟುಬಿಡಿ ಎಂಬುದು ನನ್ನ ವಾದವಲ್ಲ. ಅಪಘಾತದಲ್ಲಿ ನೊಂದವರ ಪರವಾಗಿಯೂ ನಾನು ನಿಲ್ಲುತ್ತೇನೆ. ವಿಮೆಯಿಲ್ಲದ ಟ್ರ್ಯಾಕ್ಟರ್ ಹಾಯ್ದು ಗಂಡನನ್ನು ಕಳೆದುಕೊಂಡ ಹೆಣ್ಣುಮಗಳು ಪರಿಹಾರದ ಆದೇಶ ಹಿಡಿದು ವರ್ಷಗಟ್ಟಲೆ ಅಲೆಯುವುದನ್ನು ಕಂಡಿದ್ದೇನೆ. ಮಾಲೀಕನ ಹೆಸರಲ್ಲಿ ಏನೂ ಇರುವುದಿಲ್ಲ, ಇದ್ದ ಟ್ರ್ಯಾಕ್ಟರು ಎಂದೋ ಕೈಬದಲಾಗಿರುತ್ತದೆ. ಆದ್ದರಿಂದಲೇ 2018ರಲ್ಲಿ ಸುಪ್ರೀಂ ಕೋರ್ಟ್ ಎಲ್ಲ ರಾಜ್ಯಗಳಿಗೂ ಹೇಳಿತು: ವಿಮೆಯಿಲ್ಲದ ವಾಹನ ಸಾವು ನೋವಿಗೆ ಕಾರಣವಾದರೆ, ಪರಿಹಾರಕ್ಕೆ ಸಾಕಾಗುವ ಭದ್ರತೆ ಕೊಡದ ಹೊರತು ಬಿಡಬೇಡಿ, ಕೊಡದಿದ್ದರೆ ಮೂರು ತಿಂಗಳ ನಂತರ ಹರಾಜು ಹಾಕಿ, ಹಣವನ್ನು ಪರಿಹಾರ ನ್ಯಾಯಮಂಡಳಿಯಲ್ಲಿಡಿ. ಇದರಲ್ಲಿ ಒಂದಕ್ಷರವೂ ಸಡಿಲವಾಗಬಾರದು. ಅಲ್ಲಿ ಭದ್ರತೆಗೆ ಕಾಯುತ್ತಿರುವ ಒಂದು ಕುಟುಂಬವಿದೆ. ಹಾಗೆಯೇ, ಗುದ್ದಿ ಓಡಿಹೋದ ಕಾರಿನ ಮೇಲಿನ ಗೀರು, ಕೊಲೆಗೆ ಬಳಸಿದ ಗಾಡಿಯಲ್ಲಿನ ರಕ್ತದ ಕಲೆ ಪರೀಕ್ಷೆಯಾಗುವ ಮುನ್ನ ಗಾಡಿ ಬಿಡಬಾರದು. ನಮ್ಮ ಹೊಳೆಯಲ್ಲಿ ರಾತ್ರಿಯಿಡೀ ಮರಳು ಬಗೆದು, ಇವತ್ತು ಬಿಟ್ಟ ಟಿಪ್ಪರನ್ನು ಮುಂದಿನ ವಾರ ಮತ್ತೆ ಹೊಳೆಗಿಳಿಸುವವರಿಗೆ ಭಾರೀ ಭದ್ರತೆ ಹಾಕುವುದರಲ್ಲೂ ನನ್ನ ತಕರಾರಿಲ್ಲ. ಬಿಟ್ಟ ಗಾಡಿ ನಾಪತ್ತೆಯಾದರೆ ಉತ್ತರ ಹೇಳಬೇಕಾದವರು ನಾವು ಎಂಬ ನ್ಯಾಯಾಧೀಶರ ಅಳುಕೂ ಸುಳ್ಳಲ್ಲ.

ನಾನು ಕೇಳುವುದು ಇಷ್ಟೇ. ಪ್ರತಿ ಷರತ್ತಿನ ಮುಂದೆ ಅದು ಯಾವ ಅಪಾಯ ತಡೆಯಲು ಎಂಬುದು ಆದೇಶದಲ್ಲೇ ಇರಲಿ. ನೊಂದವರ ಪರಿಹಾರಕ್ಕೋ, ಸಾಕ್ಷ್ಯ ಉಳಿಸಲೋ, ಅದೇ ಅಪರಾಧ ಮರುಕಳಿಸದಿರಲೋ, ಮುಟ್ಟುಗೋಲಾಗಬಹುದಾದ ಸ್ವತ್ತು ಕೈತಪ್ಪದಿರಲೋ? ಈ ಯಾವುದಕ್ಕೂ ಹೊಂದದ ಷರತ್ತು ಶಿಕ್ಷೆಯಾಗುತ್ತದೆ. ಅಪರಾಧ ಸಾಬೀತಾಗದೆ, ಎಷ್ಟೋ ಸಲ ಆರೋಪಿಯೇ ಅಲ್ಲದವರ ಮೇಲೆ ಬೀಳುವ ಶಿಕ್ಷೆ ಅದು.

ಈ ದೃಷ್ಟಿಯಿಂದ ನೋಡಿದರೆ ಹಲವು ಷರತ್ತುಗಳು ತಾವಾಗಿ ಉದುರುತ್ತವೆ. ಕಳವಾದ ಗಾಡಿ ದೂರುದಾರನದೇ ಎಂದು ಆರ್‌ಸಿಯಿಂದ ಖಚಿತವಾದ ಮೇಲೆ ಅವನ ಸ್ವಂತ ಬಾಂಡು ಸಾಕು, ಜಾಮೀನುದಾರ ಬೇಡ. ಮಾರಬಾರದು ಎಂಬ ಷರತ್ತಿಗೆ ಜಾಮೀನುದಾರನ ಪಹಣಿಗಿಂತ ಗಟ್ಟಿಯಾದ ಬೇಲಿ ಈಗ ಇದೆ. ನ್ಯಾಯಾಲಯದ ಆದೇಶವನ್ನು ಆರ್‌ಟಿಒಗೆ ಕಳಿಸಿ ‘ವಾಹನ್’ ದಾಖಲೆಯಲ್ಲಿ ತಡೆ ನಮೂದಿಸಿದರೆ ಆ ಗಾಡಿಯ ಮಾಲೀಕತ್ವ ದೇಶದ ಯಾವ ಮೂಲೆಯಲ್ಲೂ ವರ್ಗಾವಣೆಯಾಗದು. ಸಾಲದ ಗಾಡಿಯಾದರೆ ಆರ್‌ಸಿಯಲ್ಲೇ ಫೈನಾನ್ಸ್ ಕಂಪನಿಯ ಹೆಸರಿರುತ್ತದೆ, ಅವರ ಒಪ್ಪಿಗೆಯಿಲ್ಲದೆ ಮಾರಾಟ ಈಗಲೇ ಅಸಾಧ್ಯ. ಭದ್ರತೆ ಬೇಕೇಬೇಕು ಎನ್ನುವ ಕಡೆ ಅದರ ಮೊತ್ತ, ಕೊನೆಗೆ ಬೀಳಬಹುದಾದ ದಂಡ ಅಥವಾ ಪರಿಹಾರವನ್ನು ಮೀರಬಾರದು. ಅಪಘಾತವಾದ ಗಾಡಿಯ ಫೋಟೊ, ಬ್ರೇಕ್ ಇನ್‌ಸ್ಪೆಕ್ಟರ್ ವರದಿ ಕಡತ ಸೇರಿದ ಮೇಲೆ ರಿಪೇರಿಗೆ ಅನುಮತಿ ಇದೆ ಎಂದು ಆದೇಶದಲ್ಲೇ ಬರೆಯಬೇಕು. ‘ಸ್ವರೂಪ ಬದಲಿಸಬಾರದು’ ಎಂಬ ಸಾಲಿಗೆ ಹೆದರಿ, ನಜ್ಜುಗುಜ್ಜಾದ ಬಾಗಿಲಿಗೆ ಟಿಂಕರಿಂಗ್ ಮಾಡಿಸದೆ ಹಗ್ಗ ಕಟ್ಟಿಕೊಂಡು ಓಡಿಸುವವರಿದ್ದಾರೆ.

ಷರತ್ತಿಗೊಂದು ಕೊನೆಯೂ ಬೇಕು. ವಿಚಾರಣೆ ವರ್ಷಗಟ್ಟಲೆ ಎಳೆಯುತ್ತದೆ. ಸ್ವಂತ ಬಳಕೆಯ ವಾಹನದ ನೋಂದಣಿ ಅವಧಿಯೇ ಹದಿನೈದು ವರ್ಷ. ಹಳೆಯದಾದ ಬೈಕನ್ನು ಗುಜರಿಗೆ ಹಾಕಲೂ ಆಗದೆ, ಕರೆದಾಗ ತೋರಿಸಬೇಕೆಂಬ ಭಯಕ್ಕೆ ದನದ ಕೊಟ್ಟಿಗೆಯಲ್ಲಿ ನಿಲ್ಲಿಸಿಕೊಂಡವರ ಮನೆಗೆ ನಾನು ಹೋಗಿದ್ದೇನೆ. ಹೊಸ ಸಂಹಿತೆ ಫೋಟೊವನ್ನು ಸಾಕ್ಷ್ಯವೆಂದು ಒಪ್ಪಿರುವಾಗ, ಸಾಕ್ಷಿ ಗುರುತಿಸಲು ಗಾಡಿಯನ್ನೇ ಕೋರ್ಟಿನ ಅಂಗಳಕ್ಕೆ ತರಿಸುವ ಪದ್ಧತಿಯನ್ನು ಬಿಡಬಹುದು. ತನಿಖೆ ಮುಗಿದು ದೋಷಾರೋಪ ಪಟ್ಟಿ ಸಲ್ಲಿಕೆಯಾದ ಮೇಲೆ ಷರತ್ತುಗಳನ್ನು ನ್ಯಾಯಾಲಯ ತಾನಾಗಿ ಒಮ್ಮೆ ಮರುಪರಿಶೀಲಿಸಿದರೆ ಮಾಲೀಕ ಮತ್ತೊಂದು ಅರ್ಜಿ ಹಿಡಿದು ಬರುವ ಖರ್ಚು ತಪ್ಪುತ್ತದೆ.

ಮನುಷ್ಯರ ಜಾಮೀನಿನ ವಿಷಯದಲ್ಲಿ ನಮ್ಮ ನ್ಯಾಯಾಂಗ ಈ ಪಾಠವನ್ನು ಎಂದೋ ಕಲಿತಿದೆ. 1978ರಲ್ಲಿ ಮಧ್ಯಪ್ರದೇಶದ ಗೌಂಡಿಯೊಬ್ಬರಿಗೆ ಹತ್ತು ಸಾವಿರ ರೂಪಾಯಿಯ ಭದ್ರತೆ ಕೇಳಿ, ಅವರು ತಂದ ಜಾಮೀನುದಾರ ಬೇರೆ ಜಿಲ್ಲೆಯವನೆಂದು ಕೆಳ ನ್ಯಾಯಾಲಯ ತಿರಸ್ಕರಿಸಿತ್ತು. ನ್ಯಾಯಮೂರ್ತಿ ವಿ.ಆರ್. ಕೃಷ್ಣ ಅಯ್ಯರ್ ಅದನ್ನು ಒಪ್ಪಲಿಲ್ಲ, ಒಂದು ಸಾವಿರ ರೂಪಾಯಿಯ ಸ್ವಂತ ಬಾಂಡಿನ ಮೇಲೆ ಬಿಡಲು ಹೇಳಿದರು. ಪೂರೈಸಲಾಗದ ಷರತ್ತು ಹಾಕಿ ಜಾಮೀನು ಕೊಟ್ಟರೆ ಬಿಡುಗಡೆಯ ಉದ್ದೇಶವೇ ಸೋಲುತ್ತದೆ ಎಂದು 2022ರಲ್ಲೂ ಸುಪ್ರೀಂ ಕೋರ್ಟ್ ನೆನಪಿಸಿತು. ಹೊಟ್ಟೆಪಾಡು ಗಾಡಿಯ ಮೇಲೇ ನಿಂತಿರುವ ಮನೆಗೆ ಗಾಡಿಯ ಬಂಧನ ಮನೆಯ ದುಡಿಯುವ ಆಳಿನ ಬಂಧನಕ್ಕಿಂತ ಹಗುರವೇನಲ್ಲ. ಆ ಅಳತೆಗೋಲು ಇಲ್ಲಿಗೂ ಬರಬೇಕು.

ಇದಕ್ಕೆ ವಿಧಾನಸಭೆ ಕೂರಬೇಕಿಲ್ಲ, ಸಂಸತ್ತು ತಿದ್ದುಪಡಿ ತರಬೇಕಿಲ್ಲ. ಹೈಕೋರ್ಟ್ ಒಂದು ಸುತ್ತೋಲೆಯಲ್ಲಿ ಪ್ರಕರಣದ ಬಗೆಗೆ ತಕ್ಕಂತೆ ಮಾದರಿ ಷರತ್ತುಗಳನ್ನು ಕೊಟ್ಟರೆ ತಾಲ್ಲೂಕು ನ್ಯಾಯಾಧೀಶರ ಅಳುಕು ಅರ್ಧ ಕಡಿಮೆಯಾಗುತ್ತದೆ. ಜಿಲ್ಲಾಧಿಕಾರಿ, ಅರಣ್ಯ, ಅಬಕಾರಿ ಅಧಿಕಾರಿಗಳಿಗೆ ಸರ್ಕಾರ ಅಂಥದೇ ಸೂಚನೆ ಕೊಡಬಹುದು. ಕಾನೂನು ಸೇವೆಗಳ ಪ್ರಾಧಿಕಾರ ಕೈದಿಗಳ ಜಾಮೀನಿಗೆ ನೆರವಾಗುವಂತೆ, ಆದೇಶವಾಗಿಯೂ ಠಾಣೆಯಲ್ಲೇ ಉಳಿದ ಗಾಡಿಗಳ ಪಟ್ಟಿ ಹಿಡಿದು ಷರತ್ತು ಸಡಿಲಿಕೆಯ ಅರ್ಜಿ ಹಾಕಿಸಬಹುದು. ಆ ಪಟ್ಟಿ ಪ್ರತಿ ಠಾಣೆಯಲ್ಲೂ ಇದೆ, ತೆಗೆದು ನೋಡುವವರು ಬೇಕು. ಅದು ಆಗುವ ತನಕವೂ, ನಾಳೆ ಬೆಳಿಗ್ಗೆ ಇಂಥದೊಂದು ಅರ್ಜಿ ಮುಂದೆ ಬಂದಾಗ, ಸಿದ್ಧ ನಮೂನೆಯ ಮೊತ್ತ ತುಂಬುವ ಮುನ್ನ ಮಾಲೀಕನನ್ನು ಕರೆದು ‘ನಿಮ್ಮಿಂದ ಎಷ್ಟು ಆಗುತ್ತದೆ?’ ಎಂದು ಕೇಳಲು ಯಾವ ನ್ಯಾಯಾಧೀಶರಿಗೂ ಯಾರ ಅಪ್ಪಣೆಯೂ ಬೇಕಿಲ್ಲ.